ಅಮೋಸ್ ವೋಗೆಲ್ ಮತ್ತು ‘ಸಿನಿಮಾ 16’: ಪದೇ ಪದೇ ಕೇಳುವ ಪ್ರಶ್ನೆಗಳು

ಚಿತ್ರೋತ್ಸವದ ವೇಳಾಪಟ್ಟಿ ಕೈಗೆ ಸಿಕ್ಕಾಗ ನಾವು ನಿರ್ದೇಶಕರ ಹೆಸರು, ದೇಶ, ಅವಧಿ ಇವನ್ನು ನೋಡುತ್ತೇವೆಯೇ ಹೊರತು, ಈ ಚಿತ್ರವನ್ನು ಈ ಹೊತ್ತಿಗೆ ಇಲ್ಲಿಟ್ಟವರು ಯಾರು ಎಂದು ಕೇಳುವುದು ಅಪರೂಪ. ಆ ಕೆಲಸವನ್ನು ಒಂದು ವೃತ್ತಿಯ ಮಟ್ಟಕ್ಕೆ ಏರಿಸಿದ ಕೆಲವೇ ಜನರಲ್ಲಿ ನ್ಯೂಯಾರ್ಕಿನ ಅಮೋಸ್ ವೋಗೆಲ್ (1921–2012) ಒಬ್ಬರು. ‘ಸಿನಿಮಾ 16’ ಅವರು ಅಲ್ಲಿ ಕಟ್ಟಿ ನಡೆಸಿದ ಚಿತ್ರಸಮಾಜ, ಎಂದರೆ ಫಿಲ್ಮ್ ಸೊಸೈಟಿ. ಚಿತ್ರಸಮಾಜದ ಕೆಲಸದಲ್ಲಿ ಬಹುಕಾಲ ಕೈಜೋಡಿಸಿದ ನನ್ನನ್ನು ಹೊಸ ಸದಸ್ಯರು ಅವರ ಬಗ್ಗೆಯೂ, ಅವರ ವೃತ್ತಿಯ ಬಗ್ಗೆಯೂ ಮತ್ತೆ ಮತ್ತೆ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರಿಸಿದ್ದೇನೆ.

ಫಿಲ್ಮ್ ಪ್ರೋಗ್ರಾಮರ್ ಎಂದರೆ ಯಾರು? ಅವರು ವಿಮರ್ಶಕರೇ, ವಿತರಕರೇ, ಆಯೋಜಕರೇ?

ಈ ಮೂವರ ಕೆಲಸದಲ್ಲೂ ಅವರಿಗೆ ಪಾಲಿದೆ, ಆದರೆ ಅವರು ಮೂವರಲ್ಲಿ ಯಾರೂ ಅಲ್ಲ. ವಿಮರ್ಶಕರು ಸಾಮಾನ್ಯವಾಗಿ ಬಿಡುಗಡೆಯಾದ ಚಿತ್ರವನ್ನು ಅಳೆಯುತ್ತಾರೆ. ಪ್ರೋಗ್ರಾಮರ್ ಆದವರು ಆ ಊರಿನಲ್ಲಿ ಇನ್ನೂ ಯಾರೂ ನೋಡಿರದ ಚಿತ್ರವನ್ನು ಹುಡುಕಿ, ಅದರ ಪ್ರತಿಯನ್ನು ತರಿಸಿ, ಯಾವ ದಿನ, ಯಾವ ಹೊತ್ತಿಗೆ, ಯಾವ ಚಿತ್ರದ ಜೊತೆಗೆ ತೋರಿಸಬೇಕೆಂದು ತೀರ್ಮಾನಿಸಿ, ದೀಪ ಆರುವ ಮುನ್ನ ಸಭೆಯ ಎದುರು ನಿಂತು ಆ ಆಯ್ಕೆಯ ಹೊಣೆ ಹೊರುತ್ತಾರೆ. ಆಯ್ಕೆಯಷ್ಟೇ ಮುಖ್ಯವಾದದ್ದು ಜೋಡಣೆ. ಒಂದೇ ಚಿತ್ರ ಬೇರೆ ಬೇರೆ ಚಿತ್ರಗಳ ಪಕ್ಕದಲ್ಲಿ ಬೇರೆ ಬೇರೆಯಾಗಿ ಕಾಣುತ್ತದೆ ಎಂಬುದು ಈ ವೃತ್ತಿಯ ಮೂಲ ಬಂಡವಾಳ.

ವೋಗೆಲ್ ಎಲ್ಲಿಯವರು? ಸಿನಿಮಾದ ಗೀಳು ಹೇಗೆ ಹತ್ತಿತು?

ಅವರು ಹುಟ್ಟಿದ್ದು ವಿಯೆನ್ನಾದಲ್ಲಿ, ಯಹೂದಿ ಮಧ್ಯಮವರ್ಗದ ಮನೆಯಲ್ಲಿ. ಬಾಲ್ಯದಲ್ಲಿ ಮನೆಯಲ್ಲೊಂದು ಕೈಯಿಂದ ತಿರುಗಿಸುವ ಪುಟ್ಟ ಪ್ರೊಜೆಕ್ಟರ್ ಇತ್ತು. ಹಿಡಿಯನ್ನು ಹಿಂದಕ್ಕೆ ತಿರುಗಿಸಿ ಚಿತ್ರವನ್ನು ಹಿಮ್ಮುಖವಾಗಿ ಓಡಿಸುವುದು ಹುಡುಗನಿಗೆ ಬಲು ಇಷ್ಟದ ಆಟವಾಗಿತ್ತು. ಊರಿನ ಫಿಲ್ಮ್ ಸೊಸೈಟಿಯಲ್ಲಿ ಅಂಚೆ ರೈಲಿನ ಕುರಿತ ಬ್ರಿಟಿಷ್ ಸಾಕ್ಷ್ಯಚಿತ್ರವೊಂದನ್ನು ನೋಡಿ ಬೆರಗಾದದ್ದನ್ನು ಅವರು ಮುಂದೆಯೂ ನೆನೆಯುತ್ತಿದ್ದರು. 1938ರಲ್ಲಿ ಹಿಟ್ಲರನ ಜರ್ಮನಿ ಆಸ್ಟ್ರಿಯವನ್ನು ನುಂಗಿದಾಗ ಕುಟುಂಬ ದೇಶ ಬಿಟ್ಟು, ಕ್ಯೂಬಾದ ಮೂಲಕ ಅಮೆರಿಕ ಸೇರಿತು. ಪ್ಯಾಲೆಸ್ತೀನಿಗೆ ಹೋಗಿ ಕಿಬ್ಬುಟ್ಸ್‌ನಲ್ಲಿ (ಯಹೂದಿಗಳ ಸಾಮೂಹಿಕ ಕೃಷಿ ವಸತಿಯಲ್ಲಿ) ಬೇಸಾಯದ ಬದುಕು ನಡೆಸುವ ಆಸೆಯಿಂದ ವೋಗೆಲ್ ಅಮೆರಿಕದ ಜಾರ್ಜಿಯಾ ರಾಜ್ಯದಲ್ಲಿ ಪಶುಸಂಗೋಪನೆ ಓದಿದರು. ಆ ಆಸೆ ಕ್ರಮೇಣ ಕರಗಿ, ನ್ಯೂಯಾರ್ಕಿನ ನ್ಯೂ ಸ್ಕೂಲ್‌ನಲ್ಲಿ ಓದು ಮುಂದುವರಿಯಿತು. ದನಕರು ಸಾಕಬೇಕಾಗಿದ್ದವರು ಸಿನಿಮಾ ರೀಲು ಸಾಕಿದರು ಎಂದು ನಮ್ಮ ಗೆಳೆಯರ ಗುಂಪಿನಲ್ಲಿ ಒಂದು ಮಾತಿದೆ.

‘ಸಿನಿಮಾ 16’ ಎಂಬ ಹೆಸರು ಏಕೆ? ಅದು ಶುರುವಾದದ್ದು ಹೇಗೆ?

ಚಿತ್ರಮಂದಿರಗಳು ಬಳಸುತ್ತಿದ್ದದ್ದು 35 ಮಿಲಿಮೀಟರ್ ಫಿಲ್ಮ್. 16 ಮಿಲಿಮೀಟರ್ ಎಂಬುದು ಶಾಲೆ, ಸೈನ್ಯ, ಹವ್ಯಾಸಿಗಳ ಅಗ್ಗದ ಫಿಲ್ಮ್. ಪ್ರಯೋಗಶೀಲ ಚಿತ್ರಗಳೂ ವೈಜ್ಞಾನಿಕ ಚಿತ್ರಗಳೂ ಹೆಚ್ಚಾಗಿ ಆ ಅಳತೆಯಲ್ಲೇ ಇರುತ್ತಿದ್ದವು, ಮತ್ತು ಅವುಗಳನ್ನು ಸಾರ್ವಜನಿಕರಿಗೆ ತೋರಿಸುವ ಜಾಗವೇ ಇರಲಿಲ್ಲ. 1946ರ ಫೆಬ್ರವರಿಯಲ್ಲಿ ಮಾಯಾ ಡೆರೆನ್ ಎಂಬ ಚಿತ್ರನಿರ್ದೇಶಕಿ ನ್ಯೂಯಾರ್ಕಿನ ಗ್ರೀನಿಚ್ ವಿಲೇಜ್ ಬಡಾವಣೆಯ ಪ್ರಾವಿನ್ಸ್‌ಟೌನ್ ಪ್ಲೇಹೌಸ್ ಎಂಬ ಪುಟ್ಟ ರಂಗಮಂದಿರವನ್ನು ತಾವೇ ಬಾಡಿಗೆಗೆ ಹಿಡಿದು ತಮ್ಮ ಚಿತ್ರಗಳನ್ನು ತೋರಿಸಿದರು. ಅದನ್ನು ಕಂಡ ವೋಗೆಲ್, ಪತ್ನಿ ಮಾರ್ಷಿಯಾ ಅವರೊಡನೆ 1947ರ ನವೆಂಬರಿನಲ್ಲಿ ಅದೇ ರಂಗಮಂದಿರದಲ್ಲಿ ತಮ್ಮ ಮೊದಲ ಕಾರ್ಯಕ್ರಮ ಇಟ್ಟರು. ಜನ ಮುಗಿಬಿದ್ದದ್ದರಿಂದ ಅದನ್ನು ಮತ್ತೆ ಮತ್ತೆ ತೋರಿಸಬೇಕಾಯಿತು.

ಯಶಸ್ಸಿನ ಬೆನ್ನಿಗೇ ಪೆಟ್ಟೂ ಬಿತ್ತು. ಹುರುಪಿನಲ್ಲಿ ಹಣ ಸುರಿದು ಏರ್ಪಡಿಸಿದ ಪ್ರದರ್ಶನವೊಂದರ ದಿನ ನ್ಯೂಯಾರ್ಕಿನಲ್ಲಿ ಭಾರಿ ಹಿಮಪಾತವಾಗಿ, ಬಂದವರನ್ನು ಬೆರಳಲ್ಲಿ ಎಣಿಸಬಹುದಾಗಿತ್ತು. ಚಿತ್ರಸಮಾಜ ನಡೆಸಿದ ಯಾರಿಗೂ ಈ ಸಂಕಟದ ಪರಿಚಯವಿದೆ. ನಮ್ಮಲ್ಲಿ ಹಿಮದ ಬದಲು ಕ್ರಿಕೆಟ್ ಇರುತ್ತದೆ, ಅಷ್ಟೇ ವ್ಯತ್ಯಾಸ.

ಟಿಕೆಟ್ ಮಾರುವ ಬದಲು ಸದಸ್ಯತ್ವದ ಪದ್ಧತಿಯನ್ನು ಏಕೆ ತಂದರು?

ಎರಡು ಕಾರಣಗಳಿದ್ದವು. ಮೊದಲನೆಯದು ಸೆನ್ಸಾರ್. ನ್ಯೂಯಾರ್ಕ್ ರಾಜ್ಯದ ಕಾನೂನಿನಂತೆ ಸಾರ್ವಜನಿಕವಾಗಿ ತೋರಿಸುವ ಚಿತ್ರಕ್ಕೆ ರಾಜ್ಯದ ಶಿಕ್ಷಣ ಇಲಾಖೆಯ ಪರವಾನಗಿ ಬೇಕಿತ್ತು, ಅದಕ್ಕೆ ಶುಲ್ಕ ಕಟ್ಟಬೇಕಿತ್ತು, ಮತ್ತು ಅಧಿಕಾರಿಗಳು ಕತ್ತರಿ ಹಾಕೆಂದರೆ ಹಾಕಬೇಕಿತ್ತು. ಹತ್ತು ನಿಮಿಷದ ಪ್ರಯೋಗಚಿತ್ರಕ್ಕೆ ಇಷ್ಟು ಖರ್ಚು, ಇಷ್ಟು ತಾಪತ್ರಯ ಯಾರಿಗೂ ಪೂರೈಸುವಂಥದ್ದಲ್ಲ. ಸದಸ್ಯರಿಗೆ ಮಾತ್ರ ತೋರಿಸುವ, ಲಾಭದ ಉದ್ದೇಶವಿಲ್ಲದ ಖಾಸಗಿ ಸಂಘಕ್ಕೆ ಈ ನಿಯಮ ಅನ್ವಯಿಸುತ್ತಿರಲಿಲ್ಲ. ಅಮೆರಿಕದ ಸುಪ್ರೀಂ ಕೋರ್ಟ್ ಸಿನಿಮಾಕ್ಕೂ ವಾಕ್‌ಸ್ವಾತಂತ್ರ್ಯದ ರಕ್ಷಣೆ ಇದೆಯೆಂದು ಮೊದಲ ಬಾರಿಗೆ ಹೇಳಿದ್ದು 1952ರಲ್ಲಿ; ಅದೂ ನ್ಯೂಯಾರ್ಕಿನವರು ಪರವಾನಗಿ ಹಿಂತೆಗೆದುಕೊಂಡಿದ್ದ ರೊಸೆಲಿನಿಯವರ ಇಟಾಲಿಯನ್ ಚಿತ್ರವೊಂದರ ಪ್ರಕರಣದಲ್ಲಿ.

ಎರಡನೆಯ ಕಾರಣ ನನಗೆ ಇನ್ನೂ ಮುಖ್ಯವೆನಿಸುತ್ತದೆ. ಬಿಡಿ ಟಿಕೆಟ್ ಕೊಳ್ಳುವವರು ತಮಗೆ ಗೊತ್ತಿರುವುದನ್ನೇ ಕೊಳ್ಳುತ್ತಾರೆ. ಇಡೀ ವರ್ಷಕ್ಕೆ ಮೊದಲೇ ಹಣ ಕಟ್ಟಿದ ಸದಸ್ಯರು, ಹೇಗೂ ಕಟ್ಟಿದ್ದೇವಲ್ಲ ಎಂದುಕೊಂಡು, ಹೆಸರೇ ಕೇಳಿರದ ಚಿತ್ರಕ್ಕೂ ಬಂದು ಕೂರುತ್ತಾರೆ. ಪ್ರೇಕ್ಷಕರು ಕೇಳಿದ್ದನ್ನು ಕೊಡುವ ಒತ್ತಡದಿಂದ ಪ್ರೋಗ್ರಾಮರ್‌ಗೆ ಬಿಡುಗಡೆ ಸಿಗುವುದು ಇಲ್ಲಿ. ಉತ್ತುಂಗದಲ್ಲಿ ಸಿನಿಮಾ 16ಕ್ಕೆ ಸುಮಾರು 7,000 ಸದಸ್ಯರಿದ್ದರು. 1,600 ಆಸನಗಳ ಶಾಲಾ ಸಭಾಂಗಣವೊಂದು ಒಂದೇ ಸಂಜೆ ಎರಡು ಬಾರಿ ತುಂಬುತ್ತಿತ್ತು.

ಭಾರತದಲ್ಲೂ ಹೀಗೆಯೇ ಇತ್ತೇ?

ಬಹುಮಟ್ಟಿಗೆ. ಅದೇ 1947ರಲ್ಲಿ ಸತ್ಯಜಿತ್ ರಾಯ್, ಚಿದಾನಂದ ದಾಸಗುಪ್ತ ಮೊದಲಾದವರು ಕಲ್ಕತ್ತಾ ಫಿಲ್ಮ್ ಸೊಸೈಟಿಯನ್ನು ಹುಟ್ಟುಹಾಕಿದರು. 1959ರಲ್ಲಿ ರಾಯ್ ಅಧ್ಯಕ್ಷತೆಯಲ್ಲಿ ಫಿಲ್ಮ್ ಸೊಸೈಟಿಗಳ ಒಕ್ಕೂಟ ರೂಪುಗೊಂಡಿತು, ಮತ್ತು 1960ರ ದಶಕದಲ್ಲಿ ಒಕ್ಕೂಟದ ಸದಸ್ಯ ಸಂಘಗಳು ವಿದೇಶಿ ಚಿತ್ರಗಳನ್ನು ಸೆನ್ಸಾರ್ ಇಲ್ಲದೆ ತಮ್ಮ ಸದಸ್ಯರಿಗೆ ತೋರಿಸುವ ವಿನಾಯಿತಿ ಪಡೆದವು. ಈ ವಿನಾಯಿತಿಯ ಸುಖಕ್ಕಾಗಿಯೇ ಸದಸ್ಯರಾದವರೂ ಕಡಿಮೆಯೇನಿರಲಿಲ್ಲ ಎಂಬುದನ್ನು ಮುಚ್ಚಿಡಬೇಕಾಗಿಲ್ಲ. ಅಂಥವರು ಇಂಥ ದೃಶ್ಯಕ್ಕೆಂದು ಬಂದು, ಅದು ಮುಗಿದ ಮೇಲೂ ಎದ್ದುಹೋಗದೆ ಕೂತು, ಕೊನೆಗೆ ಒಳ್ಳೆಯ ಪ್ರೇಕ್ಷಕರಾದದ್ದನ್ನೂ ಕಂಡಿದ್ದೇನೆ.

ಸಿನಿಮಾ 16ರ ಒಂದು ಸಂಜೆ ಹೇಗಿರುತ್ತಿತ್ತು?

ಮೊದಲ ಕಾರ್ಯಕ್ರಮವನ್ನೇ ನೋಡಿ. ನರ್ತಕಿ ಮಾರ್ಥಾ ಗ್ರಹಾಂ ಅವರ ನೃತ್ಯವನ್ನು ಹಿಡಿದ ಒಂದು ಚಿತ್ರ. ಚಲಿಸುವ ಅಮೂರ್ತ ವರ್ಣಚಿತ್ರಗಳ ಒಂದು ಆನಿಮೇಷನ್. ಜೀವವಿಜ್ಞಾನಿ ಜೂಲಿಯನ್ ಹಕ್ಸ್ಲಿ ಮಾರ್ಗದರ್ಶನದ, ವಾನರಗಳ ಕುರಿತ ಒಂದು ವೈಜ್ಞಾನಿಕ ಚಿತ್ರ. ಜನರ ನಡುವಣ ಪೂರ್ವಗ್ರಹದ ಗೆರೆಗಳ ಬಗ್ಗೆ ಇನ್ನೊಂದು ಆನಿಮೇಷನ್. ಸ್ಯಾನ್ ಫ್ರಾನ್ಸಿಸ್ಕೋದಿಂದ ಬಂದ, ಕಥೆಯ ಹಂಗಿಲ್ಲದ ಒಂದು ಪ್ರಯೋಗಚಿತ್ರ. ನೃತ್ಯಕ್ಕೆಂದು ಬಂದವರು ಮಂಗಗಳನ್ನು ನೋಡಬೇಕು, ಮಂಗಗಳಿಗೆಂದು ಬಂದವರು ಅರ್ಥವಾಗದ ಪ್ರಯೋಗವನ್ನು ಎದುರಿಸಬೇಕು. ಮನುಷ್ಯದೇಹದ ಚಲನೆಯನ್ನು ನೋಡಿದ ಕಣ್ಣಿಗೆ ವಾನರದೇಹದ ಚಲನೆಯೂ ನೃತ್ಯವಾಗಿ ಕಾಣತೊಡಗುತ್ತದೆ. ಇದನ್ನು ಯಾರೂ ವೇದಿಕೆಯಿಂದ ವಿವರಿಸಬೇಕಾಗಿಲ್ಲ, ಪಕ್ಕಪಕ್ಕದಲ್ಲಿಟ್ಟರೆ ಸಾಕು.

ಮನರಂಜನೆಯ ಜೊತೆಗೆ ಮುಜುಗರವೂ ಇರಬೇಕೆಂಬುದು ವೋಗೆಲ್ ಅವರ ನಿಲುವು. ಎಲ್ಲ ಸದಸ್ಯರೂ ಎಲ್ಲವನ್ನೂ ಮೆಚ್ಚುವ ಸಂಜೆಯನ್ನು ಅವರು ಗುರಿಯಾಗಿ ಇಟ್ಟುಕೊಂಡಿರಲಿಲ್ಲ. ಆದರೆ ಸದಸ್ಯರನ್ನು ಕತ್ತಲಲ್ಲಿ ಕೈಬಿಡುತ್ತಲೂ ಇರಲಿಲ್ಲ: ಪ್ರತಿ ಪ್ರದರ್ಶನಕ್ಕೂ ಮುದ್ರಿತ ಟಿಪ್ಪಣಿ ಇರುತ್ತಿತ್ತು.

ಅಲ್ಲಿ ಬರೀ ಚಿತ್ರಪ್ರದರ್ಶನವೇ ಇತ್ತೇ, ಚರ್ಚೆಯೂ ಇತ್ತೇ?

ಎರಡೂ ಇತ್ತು. 1953ರ ಅಕ್ಟೋಬರ್ 28ರಂದು ನಡೆದ ‘ಕಾವ್ಯ ಮತ್ತು ಸಿನಿಮಾ’ ಗೋಷ್ಠಿಯಲ್ಲಿ ಮಾಯಾ ಡೆರೆನ್, ನಾಟಕಕಾರ ಆರ್ಥರ್ ಮಿಲ್ಲರ್, ವಿಮರ್ಶಕ ಪಾರ್ಕರ್ ಟೈಲರ್, ಕವಿ ಡಿಲನ್ ಥಾಮಸ್ ಒಂದೇ ವೇದಿಕೆಯಲ್ಲಿದ್ದರು. ಕಾವ್ಯದ ರಚನೆ ಸಿನಿಮಾದಲ್ಲಿ ಹೇಗೆ ಕೆಲಸ ಮಾಡುತ್ತದೆಂದು ಡೆರೆನ್ ಗಂಭೀರವಾಗಿ ವಿವರಿಸುತ್ತಿದ್ದರೆ ಥಾಮಸ್ ಅದನ್ನು ತಮಾಷೆಗೆಳೆದು ಸಭೆಯನ್ನು ನಗಿಸುತ್ತಿದ್ದರು. ಇದಾಗಿ ಹನ್ನೆರಡು ದಿನಕ್ಕೆ, ನವೆಂಬರ್ 9ರಂದು, ಅವರು ನ್ಯೂಯಾರ್ಕಿನಲ್ಲೇ ತೀರಿಕೊಂಡರು. ಅಂದು ನಕ್ಕವರ ನಗೆ ಇಂದಿಗೂ ಸಿನಿಮಾ ಓದುವವರಿಗೆ ಕಿರಿಕಿರಿ ಮಾಡುತ್ತದೆ, ಏಕೆಂದರೆ ಡೆರೆನ್ ಅಂದು ಹೇಳಿದ ಮಾತೇ ಪಠ್ಯವಾಗಿ ಉಳಿಯಿತು.

ಚಿತ್ರನಿರ್ದೇಶಕ ಆಲ್ಫ್ರೆಡ್ ಹಿಚ್‌ಕಾಕ್ ಸಿನಿಮಾ 16ಕ್ಕೆ ಬಂದಿದ್ದು ನಿಜವೇ?

ನಿಜ, 1956ರಲ್ಲಿ.

ಯಾವ ಯಾವ ದೇಶಗಳ ನಿರ್ದೇಶಕರನ್ನು ಅಮೆರಿಕಕ್ಕೆ ಪರಿಚಯಿಸಿದರು?

ಪೋಲೆಂಡಿನ ರೋಮನ್ ಪೊಲಾನ್ಸ್ಕಿ, ಜಪಾನಿನ ಓಜು ಮತ್ತು ಓಶಿಮಾ, ಫ್ರಾನ್ಸಿನ ರೆನೆ ಮತ್ತು ರಿವೆಟ್ ಇವರ ಕೆಲಸವನ್ನು ಅಮೆರಿಕದಲ್ಲಿ ಮೊದಮೊದಲು ತೋರಿಸಿದವರಲ್ಲಿ ಸಿನಿಮಾ 16ರದು ದೊಡ್ಡ ಹೆಸರು. ಪೊಲಾನ್ಸ್ಕಿ ಆಗಿನ್ನೂ ಕಿರುಚಿತ್ರಗಳ ಹುಡುಗ. ಸ್ವದೇಶದವರನ್ನೂ ಮರೆತಿರಲಿಲ್ಲ, ಜಾನ್ ಕ್ಯಾಸವೆಟಿಸ್ ಅವರ ಮೊದಲ ಚಿತ್ರದ ಪರಿಷ್ಕೃತ ರೂಪ 1959ರ ನವೆಂಬರಿನಲ್ಲಿ ಇಲ್ಲಿಯೇ ತೆರೆ ಕಂಡಿತು. ವಿದೇಶಿ ಸಿನಿಮಾ ಎಂದರೆ ಆರತಿ ಎತ್ತಿ ಇಡಬೇಕಾದ ಸರಕು ಎಂಬ ಭಾವ ಅವರಲ್ಲಿರಲಿಲ್ಲ ಎಂಬುದನ್ನು ಗಮನಿಸಬೇಕು. ದಂತವೈದ್ಯರಿಗೆಂದು ತೆಗೆದ ಚಿತ್ರವಾದರೂ ಸರಿ, ಕಣ್ಣಿಗೆ ಹೊಸದನ್ನು ಕೊಟ್ಟರೆ ಅದಕ್ಕೂ ಓಜು ಅವರಿಗೂ ಒಂದೇ ಪರದೆ ಎಂಬುದು ಅವರ ಧೋರಣೆಯಾಗಿತ್ತೆಂದು ಆ ಕಾರ್ಯಕ್ರಮಗಳ ಪಟ್ಟಿ ನೋಡಿದಾಗ ನನಗನಿಸುತ್ತದೆ.

ನಾಜಿಗಳ ಪ್ರಚಾರಚಿತ್ರವನ್ನೂ ತೋರಿಸಿದರಂತೆ. ಇದು ಸರಿಯೇ?

ತೋರಿಸಿದರು. 1940ರಲ್ಲಿ ಯಹೂದಿಗಳ ವಿರುದ್ಧ ದ್ವೇಷ ಬಿತ್ತಲೆಂದೇ ತಯಾರಾದ ಜರ್ಮನ್ ಚಿತ್ರವನ್ನು, ಆ ದ್ವೇಷಕ್ಕೆ ಹೆದರಿ ಊರು ಬಿಟ್ಟ ಯಹೂದಿಯೇ ತರಿಸಿ ಸದಸ್ಯರ ಮುಂದಿಟ್ಟರು. ದ್ವೇಷ ಯಾವ ಚಿತ್ರಭಾಷೆಯಲ್ಲಿ ಮಾತಾಡುತ್ತದೆಂದು ತಿಳಿಯಬೇಕಾದರೆ ಅದನ್ನು ನೋಡಬೇಕು ಎಂಬ ವಾದವನ್ನು ನಾನು ಒಪ್ಪುತ್ತೇನೆ. ಆದರೆ ಇಂಥ ಚಿತ್ರವನ್ನು ಟಿಪ್ಪಣಿಯಿಲ್ಲದೆ, ಪೀಠಿಕೆಯಿಲ್ಲದೆ, ಯಾರು ನೋಡುತ್ತಾರೆಂದು ತಿಳಿಯದೆ ಹಾಕುವುದು ಪ್ರೋಗ್ರಾಮಿಂಗ್ ಅಲ್ಲ, ಬೇಜವಾಬ್ದಾರಿ.

ಅವರ ಆಯ್ಕೆಯನ್ನು ಯಾರೂ ವಿರೋಧಿಸಲಿಲ್ಲವೇ?

ವಿರೋಧಿಸಿದವರು ಹೊರಗಿನವರಲ್ಲ, ಅವರು ಬೆಳೆಸಿದ ಪ್ರಯೋಗಶೀಲ ನಿರ್ದೇಶಕರೇ. 1958ರಲ್ಲಿ ಸ್ಟಾನ್ ಬ್ರಾಕೇಜ್ ತಮ್ಮ ಹೊಸ ಚಿತ್ರವನ್ನು ತಂದಾಗ ವೋಗೆಲ್ ಅದನ್ನು ತೋರಿಸಲು ಒಪ್ಪಲಿಲ್ಲ. ನಟರಿಲ್ಲದ, ಕಥೆಯಿಲ್ಲದ, ಕ್ಯಾಮೆರಾದ ಕಣ್ಣೇ ಪಾತ್ರವಾದ ಆ ಚಿತ್ರ ಇಂದು ಪ್ರಯೋಗಶೀಲ ಸಿನಿಮಾದ ಇತಿಹಾಸದ ಒಂದು ತಿರುವೆಂದು ಪರಿಗಣಿತವಾಗಿದೆ. ಒಬ್ಬ ವ್ಯಕ್ತಿಯ ರುಚಿ ಇಡೀ ಚಳವಳಿಗೆ ಬಾಗಿಲು ಕಾಯುವುದು ಸರಿಯೇ ಎಂಬ ಪ್ರಶ್ನೆ ಎದ್ದಿತು. 1960ರ ದಶಕದ ಆರಂಭದಲ್ಲಿ ಚಿತ್ರನಿರ್ದೇಶಕ ಜೋನಾಸ್ ಮೆಕಾಸ್ ಮತ್ತು ಗೆಳೆಯರು ನಿರ್ದೇಶಕರದೇ ಆದ ಸಹಕಾರ ಸಂಘವನ್ನು ಕಟ್ಟಿದರು. ಅಲ್ಲಿ ಆಯ್ಕೆಯೇ ಇಲ್ಲ. ಯಾರು ಚಿತ್ರ ತಂದುಕೊಟ್ಟರೂ ವಿತರಣೆಗೆ ಸೇರುತ್ತದೆ.

ಎರಡೂ ಕಡೆ ನ್ಯಾಯವಿದೆ ಎಂದು ಹೇಳಿ ಜಾರಿಕೊಳ್ಳಬಹುದು, ಆದರೆ ನನ್ನ ಒಲವನ್ನು ಹೇಳಿಬಿಡುತ್ತೇನೆ. ಆ ಚಿತ್ರವನ್ನು ತಿರಸ್ಕರಿಸಿದ್ದು ವೋಗೆಲ್ ಅವರ ತಪ್ಪು. ತಿರಸ್ಕರಿಸುವ ಅಧಿಕಾರ ಇಟ್ಟುಕೊಂಡದ್ದು ತಪ್ಪಲ್ಲ. ವಿತರಣೆಗೆ ಎಲ್ಲವೂ ಸಲ್ಲಬೇಕು, ಏಕೆಂದರೆ ಅದು ಉಗ್ರಾಣ. ಆದರೆ ಒಂದು ಸಂಜೆಯ ಪರದೆಗೆ ಎಲ್ಲವೂ ಸಲ್ಲುವುದಿಲ್ಲ, ಅಲ್ಲಿರುವುದು ಎರಡು ಗಂಟೆ ಮಾತ್ರ. ಯಾರೂ ಆರಿಸದಿದ್ದರೆ ಆರಿಸುವ ಹೊರೆ ಪ್ರೇಕ್ಷಕರ ತಲೆಗೆ ಬೀಳುತ್ತದೆ, ಮತ್ತು ಅವರು ಮನೆಗೆ ಹೋಗುತ್ತಾರೆ. ಇಂದು ಒಟಿಟಿಯ ಮುಂದೆ ಕೂತು ಅರ್ಧ ಗಂಟೆ ಹೆಬ್ಬೆರಳು ಸವೆಸಿ, ಏನನ್ನೂ ನೋಡದೆ ಮಲಗುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇಷ್ಟು ಸದಸ್ಯರಿದ್ದೂ 1963ರಲ್ಲಿ ಸಿನಿಮಾ 16 ಮುಚ್ಚಿದ್ದೇಕೆ?

ಸದಸ್ಯರ ಹಣ ಬಿಟ್ಟರೆ ಬೇರೆ ಆಸರೆಯಿರಲಿಲ್ಲ, ಖರ್ಚು ಏರುತ್ತಲೇ ಇತ್ತು. ಜೊತೆಗೆ ಅವರ ಗೆಲುವೇ ಅವರಿಗೆ ಮುಳುವಾಯಿತು: ವಿದೇಶಿ ಚಿತ್ರಗಳಿಗೆ ಮಾರುಕಟ್ಟೆ ಇದೆಯೆಂದು ಗೊತ್ತಾದ ಕೂಡಲೇ ವಾಣಿಜ್ಯ ಚಿತ್ರಮಂದಿರಗಳೇ ಅವನ್ನು ಹಾಕತೊಡಗಿದವು, ಸೆನ್ಸಾರ್ ಸಡಿಲವಾಯಿತು, ದೂರದರ್ಶನ ಮನೆಮನೆಗೆ ಬಂತು. ಸಿನಿಮಾ 16 ಕಟ್ಟಿಕೊಂಡಿದ್ದ ವಿತರಣೆಯ ಚಿತ್ರಸಂಗ್ರಹ ಮುಂದೆ ಗ್ರೋವ್ ಪ್ರೆಸ್ ಪ್ರಕಾಶನದ ಪಾಲಾಯಿತು.

ನ್ಯೂಯಾರ್ಕ್ ಚಿತ್ರೋತ್ಸವದಲ್ಲಿ ಅವರ ಪಾತ್ರವೇನು?

ಅದೇ 1963ರಲ್ಲಿ, ಲಂಡನ್ ಚಿತ್ರೋತ್ಸವದ ಕಾರ್ಯಕ್ರಮಗಳನ್ನು ನೋಡಿಕೊಳ್ಳುತ್ತಿದ್ದ ರಿಚರ್ಡ್ ರೌಡ್ ಅವರೊಡನೆ ಸೇರಿ ಲಿಂಕನ್ ಸೆಂಟರ್ ಎಂಬ ಕಲಾಕೇಂದ್ರದಲ್ಲಿ ನ್ಯೂಯಾರ್ಕ್ ಚಿತ್ರೋತ್ಸವವನ್ನು ಆರಂಭಿಸಿದರು. ಸೆಪ್ಟೆಂಬರ್ 10ರಂದು ಲೂಯಿ ಬುನ್ಯುಯೆಲ್ ಅವರ ಚಿತ್ರದಿಂದ ಉತ್ಸವ ತೆರೆಯಿತು. ಊಟಕ್ಕೆ ಬಂದ ಸಿರಿವಂತ ಅತಿಥಿಗಳು ಕಾರಣವೇ ಇಲ್ಲದೆ ಕೋಣೆಯಿಂದ ಹೊರಬರಲಾರದೆ ಸಿಕ್ಕಿಬೀಳುವ ಕಥೆ ಅದು. ಸಂಗೀತ ಕಛೇರಿಗಳಿಗೆಂದು ಕಟ್ಟಿದ ಭವ್ಯ ಮಂದಿರದಲ್ಲಿ, ಆಹ್ವಾನಿತ ಗಣ್ಯರ ಮುಂದೆ ಈ ಚಿತ್ರವನ್ನು ಇಟ್ಟವರ ತುಂಟತನಕ್ಕೆ ಮೆಚ್ಚಬೇಕು. ಬಹುಮಾನವಿಲ್ಲದ, ಕೆಲವೇ ಚಿತ್ರಗಳನ್ನು ಆರಿಸಿ ತೋರಿಸುವ ಉತ್ಸವದ ಮಾದರಿ ಅಲ್ಲಿ ನೆಲೆಯೂರಿತು. ಉತ್ಸವ ಶುರುವಾದ ಹತ್ತೇ ದಿನಕ್ಕೆ ಟೈಮ್ ಪತ್ರಿಕೆ ಅಂತರರಾಷ್ಟ್ರೀಯ ಸಿನಿಮಾವನ್ನು ಮುಖಪುಟಕ್ಕೆ ತಂದು, ಪೊಲಾನ್ಸ್ಕಿಯವರ ಮೊದಲ ಪೂರ್ಣಪ್ರಮಾಣದ ಚಿತ್ರದ ದೃಶ್ಯವನ್ನು ಅಲ್ಲಿ ಅಚ್ಚುಹಾಕಿತು. ಸಂಸ್ಥೆಯ ಆಡಳಿತದೊಡನೆ ಹೊಂದಾಣಿಕೆಯಾಗದೆ ವೋಗೆಲ್ 1968ರಲ್ಲಿ ಹೊರಬಂದರು. ರೌಡ್ 1987ರವರೆಗೂ ಇದ್ದರು.

ಆಮೇಲೆ ಏನು ಮಾಡಿದರು?

ಬರೆದರು, ಕಲಿಸಿದರು. 1974ರಲ್ಲಿ ಪ್ರಕಟವಾದ ‘ಫಿಲ್ಮ್ ಆಸ್ ಎ ಸಬ್ವರ್ಸಿವ್ ಆರ್ಟ್’ ಅವರ ಪ್ರಮುಖ ಕೃತಿ. ಅದನ್ನು ನಾನು ಪುಸ್ತಕವೆಂದು ಓದುವುದಿಲ್ಲ, ಕಾಗದದ ಮೇಲಿನ ಚಿತ್ರೋತ್ಸವವೆಂದು ಓದುತ್ತೇನೆ: ನೂರಾರು ಚಿತ್ರಗಳು, ಪ್ರತಿಯೊಂದಕ್ಕೂ ಬಿಗಿಯಾದ ಟಿಪ್ಪಣಿ, ಪಕ್ಕದಲ್ಲಿ ಒಂದು ಸ್ಥಿರಚಿತ್ರ, ಮತ್ತು ಅವೇ ಅನಿರೀಕ್ಷಿತ ನೆರೆಹೊರೆಗಳು. ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದಲ್ಲಿ ಹಲವು ವರ್ಷ ಪಾಠ ಮಾಡಿದರು. ಮಾರಿಸ್ ಸೆಂಡಾಕ್ ಚಿತ್ರ ಬರೆದ ಒಂದು ಮಕ್ಕಳ ಪುಸ್ತಕವೂ ಅವರದೇ ಎಂದರೆ ಅನೇಕರು ನಂಬುವುದಿಲ್ಲ. 2012ರ ಏಪ್ರಿಲ್ 24ರಂದು ನ್ಯೂಯಾರ್ಕಿನಲ್ಲಿ ತೀರಿಕೊಂಡರು.

ಕರ್ನಾಟಕದಲ್ಲಿ ಇಂಥ ಕೆಲಸ ನಡೆದಿದೆಯೇ?

ನಡೆದಿದೆ, ಮತ್ತು ಅದು ಅನುಕರಣೆಯಲ್ಲ. ಬೆಂಗಳೂರಿನಲ್ಲಿ ಸುಚಿತ್ರ ಫಿಲ್ಮ್ ಸೊಸೈಟಿ 1971ರಲ್ಲಿ ಆರಂಭವಾಯಿತು. ಸಾಗರ ತಾಲ್ಲೂಕಿನ ಹೆಗ್ಗೋಡಿನಲ್ಲಿ ಕೆ. ವಿ. ಸುಬ್ಬಣ್ಣನವರು 1973ರಲ್ಲಿ ನೀನಾಸಮ್ ಚಿತ್ರಸಮಾಜವನ್ನು ಕಟ್ಟಿ, ಅಡಿಕೆ ತೋಟದ ನಡುವಿನ ಹಳ್ಳಿಯ ಜನರಿಗೆ ಜಗತ್ತಿನ ಶ್ರೇಷ್ಠ ಚಿತ್ರಗಳನ್ನು ತೋರಿಸಿದರು. ಪುಣೆಯ ಸತೀಶ್ ಬಹಾದ್ದೂರ್ ಮತ್ತು ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದ ಪಿ. ಕೆ. ನಾಯರ್ ಅಲ್ಲಿಗೆ ಬಂದು ಚಿತ್ರ ರಸಗ್ರಹಣ ಶಿಬಿರಗಳನ್ನು ನಡೆಸಿಕೊಟ್ಟರು. ವೋಗೆಲ್ ಅವರಿಗೆ ನ್ಯೂಯಾರ್ಕಿನಂಥ ಮಹಾನಗರದ ವಿದ್ಯಾವಂತ ಪ್ರೇಕ್ಷಕರಿದ್ದರು. ಚಿತ್ರಮಂದಿರದ ಅಭ್ಯಾಸವೇ ಕಡಿಮೆಯಿದ್ದ ಊರಿನಲ್ಲಿ, ತಿಳಿಯದ ಭಾಷೆಯ ಚಿತ್ರವನ್ನು ಜನ ನೋಡಬಲ್ಲರೆಂದು ನಂಬಿದ ಸುಬ್ಬಣ್ಣನವರ ಧೈರ್ಯ ಒಂದು ಕೈ ಹೆಚ್ಚೇ ಎಂಬುದು ನನ್ನ ಅಭಿಪ್ರಾಯ.

ಈ ವೃತ್ತಿಗೆ ಬರಬೇಕಾದರೆ ಏನು ಕಲಿಯಬೇಕು?

ಪದವಿಗಿಂತ ಮೊದಲು ನೋಡುವ ಅಭ್ಯಾಸ, ನೋಡಿದ್ದನ್ನು ಬರೆದಿಡುವ ಶಿಸ್ತು ಬೇಕು. ವೋಗೆಲ್ ಮತ್ತು ಅವರ ಸಹಾಯಕ ಜ್ಯಾಕ್ ಗೋಲ್ಮನ್ ತಾವು ಪರಿಶೀಲಿಸಿದ ಚಿತ್ರಗಳಿಗೆ ಟಿಪ್ಪಣಿ ಬರೆದಿಡುತ್ತಿದ್ದರು. ತಿರಸ್ಕರಿಸಿದ ಚಿತ್ರಕ್ಕೂ ಏಕೆ ಬೇಡವೆಂದು ಬರೆದಿಟ್ಟರೆ ಐದು ವರ್ಷದ ಮೇಲೆ ಅದು ಬೇಕಾಗಿ ಬರುತ್ತದೆ. ಎರಡನೆಯದು ಪತ್ರವ್ಯವಹಾರ: ಹಕ್ಕು ಯಾರ ಬಳಿ ಇದೆ, ಪ್ರದರ್ಶನ ಶುಲ್ಕವೆಷ್ಟು, ನಮ್ಮಲ್ಲಿ ತೋರಿಸುವ ಮುನ್ನ ಬೇರೆ ಉತ್ಸವಕ್ಕೆ ಮಾತು ಕೊಟ್ಟಿದ್ದಾರೆಯೇ ಎಂದು ವಿಚಾರಿಸುವುದರಲ್ಲೇ ಅರ್ಧ ಆಯಸ್ಸು ಕಳೆಯುತ್ತದೆ. ಇಂದು ಫಿಲ್ಮ್ ಡಬ್ಬದ ಬದಲು ಡಿಜಿಟಲ್ ಪ್ರತಿ ಬರುತ್ತದೆ, ಅದನ್ನು ತೆರೆಯುವ ಕೀಲಿ ಸಂಕೇತ ಬೇರೆಯಾಗಿ ಬರುತ್ತದೆ, ಆ ಕೀಲಿಗೆ ಇಂಥ ಹೊತ್ತಿನಿಂದ ಇಂಥ ಹೊತ್ತಿನವರೆಗೆಂದು ಅವಧಿಯಿರುತ್ತದೆ. ಪ್ರದರ್ಶನ ಒಂದು ಗಂಟೆ ತಡವಾಗಿ, ಕೀಲಿಯ ಅವಧಿ ತೀರಿದರೆ ಪರದೆ ಕಪ್ಪಾಗಿಯೇ ಉಳಿಯುತ್ತದೆ.

ಮೂರನೆಯದು ಸಭಾಂಗಣದ ಜ್ಞಾನ. ನಮ್ಮ ಮೊದಲ ವರ್ಷಗಳಲ್ಲಿ ಒಂದು ಕಾಲೇಜಿನ ಸಮತಟ್ಟು ನೆಲದ ಹಾಲಿನಲ್ಲಿ 16 ಮಿಲಿಮೀಟರ್ ಪ್ರೊಜೆಕ್ಟರ್ ಇಟ್ಟು ಜಪಾನೀ ಚಿತ್ರವೊಂದನ್ನು ತೋರಿಸಿದೆವು. ಪ್ರೊಜೆಕ್ಟರಿನೊಳಗೆ ಫಿಲ್ಮಿನ ಲೂಪ್ (ಸಡಿಲ ಬಳುಕು) ತಪ್ಪಿ ಚಿತ್ರ ನಡುಗಿದಾಗ ಜನ ಸಹಿಸಿಕೊಂಡರು, ರೀಲು ಬದಲಿಸುವಾಗ ಚಹಾ ಕುಡಿದು ಬಂದರು. ಆದರೆ ಚಿತ್ರ ಮುಗಿದ ಮೇಲೆ ಹಿಂದಿನ ಸಾಲಿನ ನಿವೃತ್ತ ಮೇಷ್ಟರೊಬ್ಬರು ಬಂದು, ತಮಗೆ ಒಂದು ಸಾಲು ಅಡಿಬರಹವೂ ಕಾಣಲಿಲ್ಲ, ಮುಂದಿನವರ ತಲೆಗಳನ್ನೇ ಎರಡು ಗಂಟೆ ಓದಿದೆ ಎಂದರು. ಮುಂದಿನ ತಿಂಗಳಿನಿಂದ ಪರದೆಯ ಕೆಳಗೆ ತರಗತಿಯ ಎರಡು ಬೆಂಚುಗಳನ್ನು ಒಂದರ ಮೇಲೊಂದಿಟ್ಟು ಎತ್ತರಿಸಿದೆವು. ಯಾವ ಕೋರ್ಸೂ ಕಲಿಸದ ಪ್ರೋಗ್ರಾಮಿಂಗ್ ಇದು.

ಇದರಲ್ಲಿ ಹೊಟ್ಟೆ ತುಂಬುತ್ತದೆಯೇ?

ನಮ್ಮಲ್ಲಿ ಕಷ್ಟ. ಹೆಚ್ಚಿನವರು ಬರವಣಿಗೆ, ಪಾಠ, ಅಥವಾ ಬ್ಯಾಂಕು, ಶಾಲೆಗಳ ನೌಕರಿಯ ಜೊತೆಗೆ ಇದನ್ನು ಮಾಡಿಕೊಂಡು ಬಂದವರೇ.

ವೋಗೆಲ್ ಅವರ ಬರಹ, ಟಿಪ್ಪಣಿಗಳನ್ನು ಓದಬೇಕಾದರೆ ಎಲ್ಲಿ ಹುಡುಕಬೇಕು?

ಸಿನಿಮಾ 16ರ ಪತ್ರಗಳು, ಕಾರ್ಯಕ್ರಮ ಪಟ್ಟಿಗಳು ಮತ್ತು ಟಿಪ್ಪಣಿಗಳನ್ನು ಸ್ಕಾಟ್ ಮ್ಯಾಕ್‌ಡೊನಾಲ್ಡ್ ಸಂಪಾದಿಸಿದ ಪುಸ್ತಕ 2002ರಲ್ಲಿ ಬಂದಿದೆ. ಹೊಸದಾಗಿ ಚಿತ್ರಸಮಾಜ ಆರಂಭಿಸುವವರು ಅದರಲ್ಲಿರುವ ಕಾರ್ಯಕ್ರಮ ಪಟ್ಟಿಗಳನ್ನು ಮೊದಲು ಓದಲಿ, ಪೀಠಿಕೆಯನ್ನು ಆಮೇಲೆ ಓದಿದರಾಯಿತು. ಅವರ ಕಾಗದಪತ್ರಗಳು ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿವೆ. ಮನೆಯಲ್ಲಿದ್ದ ಪುಸ್ತಕಗಳೆಲ್ಲ ಆಸ್ಟ್ರಿಯನ್ ಫಿಲ್ಮ್ ಮ್ಯೂಸಿಯಮ್ಮಿಗೆ, ಎಂದರೆ ಹದಿನೇಳನೆಯ ವಯಸ್ಸಿನಲ್ಲಿ ಅವರು ಬಿಟ್ಟು ಓಡಬೇಕಾಗಿ ಬಂದ ವಿಯೆನ್ನಾಕ್ಕೆ, ಹೋಗಿ ಸೇರಿವೆ.